281 ಕಂತು, ಒಬ್ಬರೇ ಬರಹಗಾರ

ಪ್ರಶ್ನೆ: ಜರ್ಮನಿಯ ‘ಡೆರಿಕ್’ ಪತ್ತೇದಾರಿ ಧಾರಾವಾಹಿಯ ಎಲ್ಲ ಕಂತುಗಳನ್ನೂ ಒಬ್ಬರೇ ಬರೆದರಂತೆ, ನಿಜವೇ? ಅದು ಹೇಗೆ ಸಾಧ್ಯವಾಯಿತು?

ನಿಜ. 1974ರ ಅಕ್ಟೋಬರ್‌ನಿಂದ 1998ರ ಅಕ್ಟೋಬರ್‌ವರೆಗೆ ಜೆಡ್‌ಡಿಎಫ್ ವಾಹಿನಿಯಲ್ಲಿ ಬಂದ 281 ಕಂತುಗಳಿಗೂ ಚಿತ್ರಕಥೆ ಹರ್ಬರ್ಟ್ ರೈನೆಕರ್ ಅವರದೇ. ‘ಡೆರಿಕ್’ ಶುರುವಾದಾಗ ಅವರಿಗೆ 59 ವರ್ಷ, ಮುಗಿದಾಗ 83. ಅಷ್ಟು ಸಾಲದೆಂಬಂತೆ, 1969ರಿಂದ 1976ರವರೆಗೆ ಪ್ರಸಾರವಾದ ‘ಡೆರ್ ಕೊಮಿಸಾರ್’ನ 97 ಕಂತುಗಳೂ ಅವರ ಲೇಖನಿಯವೇ.

ಆದರೆ ಭಾಗಿಸಿ ನೋಡಿ: ‘ಡೆರಿಕ್’ ಲೆಕ್ಕ ತಿಂಗಳಿಗೆ ಒಂದು ಕಂತನ್ನೂ ದಾಟುವುದಿಲ್ಲ. ನಮ್ಮ ದಿನನಿತ್ಯದ ಧಾರಾವಾಹಿಗಳಿಗೆ ಸಂಭಾಷಣೆ ಬರೆಯುವವರು ಇದನ್ನು ಕೇಳಿದರೆ ನಕ್ಕಾರು. ಪ್ರತಿ ಕಂತಿನದೂ ಒಂದು ಗಂಟೆಯ ಬಿಡಿ ಕಥೆ. ಹಿಂದಿನದನ್ನು ಮುಂದಕ್ಕೆ ಎಳೆಯುವ ಗೋಜಿಲ್ಲ. ಕಥಾನಾಯಕ, ಪೊಲೀಸ್ ಅಧಿಕಾರಿ ಡೆರಿಕ್‌ಗೆ ಮನೆ, ಸಂಸಾರ ಎಂಬುದು ಹೆಚ್ಚುಕಡಿಮೆ ಇಲ್ಲವೇ ಇಲ್ಲ. ಗುಂಡು, ಕಾರುಗಳ ಬೆನ್ನಟ್ಟುವಿಕೆ ಅಪರೂಪ. ಮ್ಯೂನಿಕ್‌ನ ಶ್ರೀಮಂತರ ಬಂಗಲೆಗೆ ಇಬ್ಬರು ಪೊಲೀಸರು ಬರುತ್ತಾರೆ, ಕೂರುತ್ತಾರೆ, ಮಾತಾಡಿಸುತ್ತಾರೆ. ಆರಂಭದ ಕಂತುಗಳಲ್ಲಂತೂ ಕೊಲೆಗಾರ ಯಾರೆಂದು ಪ್ರೇಕ್ಷಕರಿಗೆ ಮೊದಲೇ ಗೊತ್ತು. ರೈನೆಕರ್‌ಗೆ ಬೇಕಾದದ್ದು ‘ಯಾರು’ ಅಲ್ಲ, ‘ಯಾಕೆ’. ಸಜ್ಜನನೆನಿಸಿಕೊಂಡವನು ಆ ಹಂತಕ್ಕೆ ಹೇಗೆ ಇಳಿದ ಎಂಬ ಒಂದೇ ವಿಷಯವನ್ನು ಅವರು ಕಾಲು ಶತಮಾನ ತಿರುವಿ ತಿರುವಿ ನೋಡಿದರು. ಕೊನೆಯ ವರ್ಷಗಳಲ್ಲಿ ಇದು ಉಪದೇಶದ ಕಡೆಗೆ ವಾಲಿತು ಎಂಬುದನ್ನೂ ಹೇಳಲೇಬೇಕು. ಆದರೂ ಧಾರಾವಾಹಿ ನೂರಕ್ಕೂ ಹೆಚ್ಚು ದೇಶಗಳಿಗೆ ಮಾರಾಟವಾಯಿತು.

ಅಪರಾಧಪ್ರಜ್ಞೆಯ ಬಗ್ಗೆ ಇಷ್ಟು ಬರೆದವರ ಹಿನ್ನೆಲೆಯನ್ನು ಬಿಟ್ಟುಬಿಡುವಂತಿಲ್ಲ. 1914ರಲ್ಲಿ ಹಾಗೆನ್‌ನಲ್ಲಿ ಹುಟ್ಟಿದ ರೈನೆಕರ್ ನಾಜಿ ಕಾಲದಲ್ಲಿ ಹಿಟ್ಲರ್‌ನ ಯುವಸಂಘಟನೆಯ ಪತ್ರಿಕೆಗಳಲ್ಲಿ ದುಡಿದರು, ನಾಜಿಗಳ ಎಸ್‌ಎಸ್ ಸಂಘಟನೆಯ ಸಶಸ್ತ್ರ ಪಡೆಯಾದ ವಾಫೆನ್-ಎಸ್‌ಎಸ್‌ನ ಯುದ್ಧವರದಿಗಾರರಾದರು, 1944ರ ಪ್ರಚಾರಚಿತ್ರ ‘ಯುಂಗೆ ಆಡ್ಲರ್’ಗೆ ಚಿತ್ರಕಥೆ ಬರೆದರು. ಹತ್ತೇ ವರ್ಷದಲ್ಲಿ, 1954ರಲ್ಲಿ, ಹಿಟ್ಲರ್‌ನ ಬೇಹುಗಾರಿಕೆ ಮುಖ್ಯಸ್ಥನಾಗಿದ್ದು ಕೊನೆಗೆ ಅವನ ಆಡಳಿತದಿಂದಲೇ ಗಲ್ಲಿಗೇರಿದ ಕನಾರಿಸ್ ಕುರಿತ ಚಿತ್ರವೂ ಅವರದೇ ಬರಹ. ಅದಕ್ಕೆ ರಾಷ್ಟ್ರಪ್ರಶಸ್ತಿಯೂ ಬಂತು. ಯುದ್ಧಾನಂತರದ ಪಶ್ಚಿಮ ಜರ್ಮನಿಯ ಚಿತ್ರೋದ್ಯಮದಲ್ಲಿ ಹಳೆಯ ಕೈಗಳಿಗೆ ಕೆಲಸ ಸಿಗುವುದು ಕಷ್ಟವಿರಲಿಲ್ಲ.

ರೈನೆಕರ್ 2007ರಲ್ಲಿ ತೀರಿಕೊಂಡರು. ಡೆರಿಕ್ ಪಾತ್ರಧಾರಿ ಹೋರ್ಸ್ಟ್ ಟಾಪರ್ಟ್ ಕೂಡ ವಾಫೆನ್-ಎಸ್‌ಎಸ್‌ನಲ್ಲಿದ್ದರೆಂದು 2013ರಲ್ಲಿ ಬಯಲಾದಾಗ, ಇನ್ನು ಮರುಪ್ರಸಾರದ ಯೋಜನೆ ಇಲ್ಲವೆಂದು ಜೆಡ್‌ಡಿಎಫ್ ಹೇಳಿತು. ಬರಹಗಾರರ ಚರಿತ್ರೆ ಗೊತ್ತಿದ್ದೂ ಅಷ್ಟು ವರ್ಷ ಯಾರಿಗೂ ಅದು ತೊಡಕಾಗಿರಲಿಲ್ಲ.