ಟೆಕ್ನಿಕಲ್ ಮಿನಿಮಮ್: ಕಲ್ಲಿದ್ದಲು ಘಟಕ ಎಷ್ಟರವರೆಗೆ ಕೆಳಗಿಳಿಯಬಲ್ಲದು?

ಕಲ್ಲಿದ್ದಲಿನಿಂದ ವಿದ್ಯುತ್ ಉತ್ಪಾದಿಸುವ ಒಂದು ಘಟಕ ಎಣ್ಣೆಯ ಆಸರೆಯಿಲ್ಲದೆ, ಬರೀ ಕಲ್ಲಿದ್ದಲಿನ ಬೆಂಕಿಯಲ್ಲೇ ಸ್ಥಿರವಾಗಿ ಓಡಬಲ್ಲ ಅತಿ ಕಡಿಮೆ ಹೊರೆಗೆ ಟೆಕ್ನಿಕಲ್ ಮಿನಿಮಮ್ ಎನ್ನುತ್ತಾರೆ. ಇದನ್ನು ಪೂರ್ಣ ಸಾಮರ್ಥ್ಯದ ಶೇಕಡಾ ಲೆಕ್ಕದಲ್ಲಿ ಹೇಳುವುದು ರೂಢಿ. 500 ಮೆಗಾವಾಟ್ ಘಟಕಕ್ಕೆ ಇದು ಶೇ 55 ಎಂದಿದ್ದರೆ 275 ಮೆಗಾವಾಟ್ ಅದರ ತಳ. ಗ್ರಿಡ್‌ಗೆ ಅಷ್ಟೂ ಬೇಡವಾದರೆ ಘಟಕವನ್ನೇ ನಿಲ್ಲಿಸಬೇಕು.

ವಿದ್ಯುತ್ ಕೊರತೆಯಿದ್ದ ಕಾಲದಲ್ಲಿ ಈ ಮಾತು ಕಂಟ್ರೋಲ್ ರೂಮಿನಾಚೆ ಕೇಳಿಸುತ್ತಿರಲಿಲ್ಲ. ಘಟಕಗಳು ಹಗಲೂ ರಾತ್ರಿಯೂ ಪೂರ್ತಿ ಹೊರೆಯಲ್ಲಿ ಓಡುತ್ತಿದ್ದವು. ಈಗಲೂ ದೇಶದ ವಿದ್ಯುತ್ತಿನ ಸಿಂಹಪಾಲು ಕಲ್ಲಿದ್ದಲಿನದೇ. 2024-25ರಲ್ಲಿ ಗಣಿಗಳ ಉತ್ಪಾದನೆ ಮೊದಲ ಸಲ 100 ಕೋಟಿ ಟನ್ ದಾಟಿತು. ಬದಲಾಗಿರುವುದು ಅದು ಮಾಡಬೇಕಾದ ಕೆಲಸ. ಮಧ್ಯಾಹ್ನ ಸೌರ ವಿದ್ಯುತ್ ಗ್ರಿಡ್‌ಗೆ ನುಗ್ಗುತ್ತದೆ. ಅದಕ್ಕೆ ‘ಮಸ್ಟ್ ರನ್’, ಅಂದರೆ ಬಂದಷ್ಟನ್ನೂ ತೆಗೆದುಕೊಳ್ಳಲೇಬೇಕೆಂಬ ಸ್ಥಾನವಿರುವುದರಿಂದ ಕಲ್ಲಿದ್ದಲು ಘಟಕಗಳೇ ಹಿಂದೆ ಸರಿದು ಜಾಗ ಬಿಡಬೇಕು. ಸಂಜೆ ಆರರ ಹೊತ್ತಿಗೆ ಸೌರ ಫಲಕಗಳು ಕೈಬಿಟ್ಟಾಗ ಮತ್ತೆ ಮೇಲೇರಬೇಕು.

ಹಾಗಾದರೆ ಮಧ್ಯಾಹ್ನ ನಿಲ್ಲಿಸಿ ಸಂಜೆ ಹಚ್ಚಿದರೆ ಆಗದೇ? ಹತ್ತು ಗಂಟೆಯೊಳಗೆ ಮತ್ತೆ ಹೊತ್ತಿಸುವ ‘ಹಾಟ್ ಸ್ಟಾರ್ಟ್’ಗೂ ಸ್ಥೂಲವಾಗಿ ಎರಡು ಮೂರು ಗಂಟೆ ಬೇಕು. ಮೂರು ದಿನ ಮೀರಿ ತಣ್ಣಗಾದ ಘಟಕಕ್ಕೆ ಹತ್ತು ಗಂಟೆಗೂ ಹೆಚ್ಚು ಹಿಡಿಯುವುದುಂಟು. ಪ್ರತಿ ಸಲವೂ ಎಣ್ಣೆ ಸುಡುತ್ತದೆ, ದಪ್ಪ ಲೋಹದ ಭಾಗಗಳು ಕಾದು ತಣಿದು ದಣಿಯುತ್ತವೆ. ಆದ್ದರಿಂದಲೇ ನಿಲ್ಲಿಸುವುದಕ್ಕಿಂತ ತಗ್ಗಿಸಿ ಓಡಿಸುವುದು ಮೇಲು.

ತಗ್ಗಿಸಲು ಮೊದಲ ಅಡ್ಡಿ ಬೆಂಕಿಯೇ. ಮಿಲ್ಲುಗಳು ಕಲ್ಲಿದ್ದಲನ್ನು ಹಿಟ್ಟಿನಂತೆ ಅರೆಯುತ್ತವೆ. ಸುಮಾರು ಶೇ 70ರಷ್ಟು ಪುಡಿ 75 ಮೈಕ್ರಾನ್ ಜರಡಿಯಲ್ಲಿ ಇಳಿಯಬೇಕು. ಬಿಸಿ ಗಾಳಿ ಈ ಪುಡಿಯನ್ನು ಪೈಪುಗಳಲ್ಲಿ ಹೊತ್ತು ಬರ್ನರ್‌ಗೆ ಒಯ್ಯುತ್ತದೆ. ಹೊರೆ ಇಳಿದಾಗ ಪುಡಿಯನ್ನು ಕಡಿಮೆ ಮಾಡಬಹುದು, ಗಾಳಿಯನ್ನು ಅದೇ ಪ್ರಮಾಣದಲ್ಲಿ ಕಡಿಮೆ ಮಾಡಲಾಗದು. ವೇಗ ಒಂದು ಮಿತಿಗಿಂತ ಇಳಿದರೆ ಪುಡಿ ಪೈಪಿನಲ್ಲೇ ಕೂತು, ಅಲ್ಲೇ ಹೊತ್ತಿಕೊಳ್ಳುವ ಅಪಾಯವಿದೆ. ಹೀಗಾಗಿ ಗಾಳಿ ಹೆಚ್ಚು, ಪುಡಿ ಕಡಿಮೆ ಆಗಿ ಜ್ವಾಲೆ ತೆಳುವಾಗುತ್ತದೆ, ಕುಲುಮೆಯ ಒತ್ತಡ ಹೊಯ್ದಾಡುತ್ತದೆ. ಜ್ವಾಲೆಯ ಮೇಲೆ ಕಣ್ಣಿಟ್ಟಿರುವ ಫ್ಲೇಮ್ ಸ್ಕ್ಯಾನರ್‌ಗಳಿಗೆ ಅದು ಕಾಣದಾದರೆ ಬಾಯ್ಲರ್ ಟ್ರಿಪ್, ಅಂದರೆ ತಾನಾಗಿಯೇ ನಿಂತುಬಿಡುತ್ತದೆ.

ಇದಕ್ಕೆ ಪರಿಹಾರ, ಎಲ್ಲ ಮಿಲ್ಲುಗಳನ್ನೂ ಅರೆಬರೆ ಓಡಿಸುವ ಬದಲು ಕೆಲವನ್ನು ನಿಲ್ಲಿಸಿ ಉಳಿದವಕ್ಕೆ ಚೆನ್ನಾಗಿ ಹೊರೆ ಕೊಡುವುದು. ಆರು ಮಿಲ್ಲುಗಳಿರುವ 210 ಮೆಗಾವಾಟ್ ಘಟಕವಾದರೆ ಎರಡು ಮೂರಕ್ಕೆ ಇಳಿಯಬೇಕಾಗುತ್ತದೆ. ಅವು ಅಕ್ಕಪಕ್ಕದ ಮಟ್ಟದ ಬರ್ನರ್‌ಗಳಿಗೆ ಉಣಿಸುವಂಥವಾಗಿರಬೇಕು; ನಡುವೆ ಒಂದು ಮಟ್ಟ ಖಾಲಿ ಬಿಟ್ಟರೆ ಜ್ವಾಲೆಗಳು ಒಂದನ್ನೊಂದು ಆತುಕೊಳ್ಳುವುದಿಲ್ಲ. ಓಡುತ್ತಿರುವ ಎರಡರಲ್ಲಿ ಒಂದು ಕೈಕೊಟ್ಟರೆ ಅರ್ಧ ಬೆಂಕಿ ಒಮ್ಮೆಲೇ ಹೋಯಿತು. ಆಗ ಎಣ್ಣೆ ಚಿಮ್ಮಿಸಿ ಉರಿಸುವ ಆಯಿಲ್ ಗನ್ ಹಚ್ಚುವುದೊಂದೇ ದಾರಿ, ಅದೂ ಸಮಯಕ್ಕೆ ಸರಿಯಾಗಿ ಹೊತ್ತಿಕೊಂಡರೆ.

ನಮ್ಮ ಕಲ್ಲಿದ್ದಲಿನಲ್ಲಿ ಬೂದಿಯೇ ಶೇ 30ರಿಂದ 45. ಮಳೆಗಾಲದಲ್ಲಿ ಒದ್ದೆ ಕಲ್ಲಿದ್ದಲು ಬಂದರೆ ಮಿಲ್ಲಿನಿಂದ ಹೊರಬರುವ ಗಾಳಿಯ ಉಷ್ಣತೆ ಕುಸಿಯುತ್ತದೆ, ಮಿಲ್ಲಿನ ಮೇಲಿರುವ ಕಲ್ಲಿದ್ದಲಿನ ಬಂಕರ್ ಕಟ್ಟಿಕೊಳ್ಳುತ್ತದೆ. ಒಂದು ರೇಕಿನಲ್ಲಿ (ಗೂಡ್ಸ್ ರೈಲಿನಲ್ಲಿ) ಬಂದ ಕಲ್ಲಿದ್ದಲಿನ ಗುಣ ಇನ್ನೊಂದಕ್ಕಿಲ್ಲ. ದಾದ್ರಿಯ ಎನ್‌ಟಿಪಿಸಿ ಸ್ಥಾವರದ 490 ಮೆಗಾವಾಟ್ ಘಟಕವೊಂದನ್ನು 2018ರಲ್ಲಿ ಶೇ 40ಕ್ಕೆ ಇಳಿಸಿ ಪರೀಕ್ಷಿಸಿದ್ದಾರೆ. ಆದರೆ ಪರೀಕ್ಷೆಯ ದಿನ ಸಾಧಿಸಿದ್ದು ಆಷಾಢದ ಕಲ್ಲಿದ್ದಲಿನಲ್ಲೂ ಸಿಕ್ಕೀತೆಂದು ನಂಬಿ ಕೂರುವಂತಿಲ್ಲ.

ನೀರು, ಹಬೆಯ ಕಡೆಯೂ ತಾಪತ್ರಯಗಳಿವೆ. ಕಡಿಮೆ ಹೊರೆಯಲ್ಲಿ ಬಾಯ್ಲರಿಗೆ ನೀರು ತಳ್ಳುವ ಎರಡು ಫೀಡ್ ಪಂಪುಗಳಲ್ಲಿ ಒಂದನ್ನು ನಿಲ್ಲಿಸುವಾಗ, ನೀರಿನಿಂದ ಹಬೆ ಬೇರ್ಪಡುವ ಡ್ರಮ್ಮಿನ ನೀರಿನ ಮಟ್ಟ ತಪ್ಪುತ್ತದೆ. ಟರ್ಬೈನಿನಲ್ಲಿ ಒಮ್ಮೆ ದುಡಿದು ಮತ್ತೆ ಕಾಯಿಸಿಕೊಂಡು ಬರುವ ರೀಹೀಟ್ ಹಬೆಯ ಉಷ್ಣತೆ ಇಳಿದರೆ ಟರ್ಬೈನಿನ ಕೊನೆಯ ಸಾಲಿನ ಬ್ಲೇಡುಗಳಿಗೆ ತೇವ ಬಡಿದು ಸವೆತ. ಚಿಮಣಿಯತ್ತ ಹೋಗುವ ಅನಿಲ ತೀರಾ ತಣ್ಣಗಾದರೆ ಆ ಅನಿಲದ ಶಾಖದಿಂದ ಗಾಳಿ ಕಾಯಿಸುವ ಏರ್ ಪ್ರೀಹೀಟರ್‌ನ ತಂಪು ತುದಿಯಲ್ಲಿ ಆಮ್ಲ ಕೂತು ತುಕ್ಕು. ತೀರಾ ಹೆಚ್ಚಿನ ಒತ್ತಡದಲ್ಲಿ ಹಬೆ ಮಾಡುವ ಸೂಪರ್‌ಕ್ರಿಟಿಕಲ್ ಘಟಕಗಳು ಸುಮಾರು ಶೇ 30-35ರ ಕೆಳಗೆ ಬೇರೆಯೇ ಪರಿಚಲನೆಗೆ ಹೊರಳುತ್ತವೆ. ಆ ಗಡಿಯ ಹತ್ತಿರ ದಿನಾ ಓಡಾಡಲು ಯಾರಿಗೂ ಇಷ್ಟವಿಲ್ಲ.

ಕೇಂದ್ರೀಯ ಸ್ಥಾವರಗಳಿಗೆ ಶೇ 55ರ ಮಿತಿ ಬಂದದ್ದು 2016ರ ಗ್ರಿಡ್ ಸಂಹಿತೆಯ ತಿದ್ದುಪಡಿಯಲ್ಲಿ. ಕೇಂದ್ರ ವಿದ್ಯುತ್ ಪ್ರಾಧಿಕಾರದ 2023ರ ನಿಯಮಗಳು ಹಂತ ಹಂತವಾಗಿ ಶೇ 40ಕ್ಕೆ ಇಳಿಯಬೇಕೆನ್ನುತ್ತವೆ. ಜೊತೆಗೆ ವೇಗದ ಷರತ್ತೂ ಇದೆ: ಶೇ 70ರಿಂದ 100ರ ನಡುವೆ ನಿಮಿಷಕ್ಕೆ ಶೇ 3, ಅಂದರೆ 500ರ ಘಟಕ ನಿಮಿಷಕ್ಕೆ 15 ಮೆಗಾವಾಟ್ ಏರಿಳಿಯಬೇಕು, 55ರಿಂದ 70ರ ನಡುವೆ ಶೇ 2, ಅದರ ಕೆಳಗೆ ಶೇ 1.

ಖರ್ಚಿನ ಲೆಕ್ಕ ಹೀಗೆ. ಪೂರ್ತಿ ಹೊರೆಯಲ್ಲಿ ಒಂದು ಯೂನಿಟ್‌ಗೆ 2,400 ಕಿಲೋಕ್ಯಾಲೊರಿ ಶಾಖ ಬೇಕೆನ್ನೋಣ, ಕೆ.ಜಿ.ಗೆ 3,600 ಕಿಲೋಕ್ಯಾಲೊರಿಯ ಕಲ್ಲಿದ್ದಲಾದರೆ ಸುಮಾರು 667 ಗ್ರಾಂ. ಶೇ 55ರಿಂದ 65ರ ಹೊರೆಗೆ ಹಳೆಯ ಮಾದರಿಯ, ಕಡಿಮೆ ಒತ್ತಡದ ಸಬ್‌ಕ್ರಿಟಿಕಲ್ ಘಟಕಗಳಲ್ಲಿ ಶಾಖದ ಬಳಕೆ ಶೇ 6ರಷ್ಟು ಹೆಚ್ಚುತ್ತದೆಂದು ಕೇಂದ್ರ ವಿದ್ಯುತ್ ನಿಯಂತ್ರಣ ಆಯೋಗವೇ ಒಪ್ಪಿ ಪರಿಹಾರ ನಿಗದಿ ಮಾಡಿದೆ. ಸೂಪರ್‌ಕ್ರಿಟಿಕಲ್‌ಗೆ ಶೇ 3. ಆ ಶೇ 6 ಸೇರಿದರೆ 707 ಗ್ರಾಂ. 275 ಮೆಗಾವಾಟ್‌ನಲ್ಲಿ ಓಡುವಾಗ ಇದು ಗಂಟೆಗೆ 11 ಟನ್ ಹೆಚ್ಚುವರಿ ಕಲ್ಲಿದ್ದಲು. ಪಂಪು, ಫ್ಯಾನುಗಳು ತಿನ್ನುವ ಸ್ವಂತ ಬಳಕೆಯ ಏರಿಕೆ ಬೇರೆ.

ಕರ್ನಾಟಕಕ್ಕೆ ಇದು ದೂರದ ವಿಷಯವಲ್ಲ. ಪಾವಗಡದ ಸೌರ ಪಾರ್ಕ್ ಒಂದೇ 2,050 ಮೆಗಾವಾಟ್. ಗಣಿಯಿಂದ ದೂರವಿರುವ ರಾಯಚೂರಿನಂಥ ಸ್ಥಾವರಕ್ಕೆ ಕಲ್ಲಿದ್ದಲು ಸಿಂಗರೇಣಿ, ಒಡಿಶಾಗಳಿಂದ ರೈಲಿನಲ್ಲಿ ಬರಬೇಕು. ಸಾಗಣೆ ಸೇರಿ ಯೂನಿಟ್ ದುಬಾರಿಯಾದಷ್ಟೂ ಅಗ್ಗದ ವಿದ್ಯುತ್ತನ್ನು ಮೊದಲು ಕೊಳ್ಳುವ ಮೆರಿಟ್ ಆರ್ಡರ್‌ನಲ್ಲಿ ಮೊದಲು ‘ಬ್ಯಾಕ್‌ಡೌನ್’ ಆಗುವ, ಅಂದರೆ ಹೊರೆ ತಗ್ಗಿಸಿಕೊಳ್ಳುವ, ಕೆಲವೊಮ್ಮೆ ಬೇಡಿಕೆಯಿಲ್ಲದೆ ನಿಂತು ‘ರಿಸರ್ವ್ ಶಟ್‌ಡೌನ್’ಗೆ ಹೋಗುವ ಪಾಳಿ ಬರುತ್ತದೆ. ಸಂಜೆಯ ಏರಿಕೆಯಲ್ಲಿ ಶರಾವತಿಯ 1,035 ಮೆಗಾವಾಟ್ ಜಲವಿದ್ಯುತ್ ದೊಡ್ಡ ಆಸರೆ, ನಿಮಿಷಗಳಲ್ಲಿ ಏರುತ್ತದೆ. ಆದರೆ 2023ರಂಥ ಮಳೆ ಕೈಕೊಟ್ಟ ವರ್ಷದಲ್ಲಿ ಲಿಂಗನಮಕ್ಕಿಯ ನೀರನ್ನು ಅಳೆದೇ ಬಿಡಬೇಕಾಗುತ್ತದೆ. ಆಗ ಮಧ್ಯಾಹ್ನ ತಳದಲ್ಲಿ ಓಡಿದ ಕಲ್ಲಿದ್ದಲು ಘಟಕಗಳೇ ಸಂಜೆಯ ಹೊರೆಗೂ ಹೆಗಲು ಕೊಡಬೇಕು.