ಹಿಮಾಂಶು ರಾಯ್ ಅವರ ಮೂರು ಮೂಕಿಚಿತ್ರಗಳು ಯಾವ ದೇಶದವು?

ನಟ, ನಿರ್ಮಾಪಕ ಹಿಮಾಂಶು ರಾಯ್ ಅವರ ಮೂರು ಮೂಕಿಚಿತ್ರಗಳನ್ನು ('ದಿ ಲೈಟ್ ಆಫ್ ಏಷ್ಯಾ', 'ಶಿರಾಜ್', 'ಎ ಥ್ರೋ ಆಫ್ ಡೈಸ್') ಒಬ್ಬರು ಜರ್ಮನಿಯ ಲೆಕ್ಕಕ್ಕೆ ಸೇರಿಸಿದರೆ, ಮತ್ತೊಬ್ಬರು ಬ್ರಿಟನ್ನಿನದೆನ್ನುತ್ತಾರೆ, ಮಗದೊಬ್ಬರು ಭಾರತದ್ದೆನ್ನುತ್ತಾರೆ. ಪ್ರತಿ ಚಿತ್ರದ ಹಿಂದೆಯೂ ಒಂದಕ್ಕಿಂತ ಹೆಚ್ಚು ಸಂಸ್ಥೆಗಳಿದ್ದದ್ದು, ಆ ಸಂಸ್ಥೆಗಳೂ ನಡುವೆ ಬದಲಾದದ್ದು ಈ ಗೊಂದಲಕ್ಕೆ ಕಾರಣ.

ಲಂಡನ್ನಿನಲ್ಲಿ ಕಾನೂನು ಓದಿ ರಂಗಭೂಮಿಯತ್ತ ಹೊರಳಿದ್ದ ರಾಯ್, 1924ರಲ್ಲಿ ಜರ್ಮನಿಯ ಮ್ಯೂನಿಕ್ಕಿನ ಎಮೆಲ್ಕಾ ಚಿತ್ರಸಂಸ್ಥೆಯೊಡನೆ ಕರಾರು ಮಾಡಿಕೊಂಡರು. ನಿರ್ದೇಶಕ, ಛಾಯಾಗ್ರಾಹಕರು ಮತ್ತು ಸಲಕರಣೆಗಳನ್ನು ಎಮೆಲ್ಕಾ ಒದಗಿಸಬೇಕು, ಪ್ರತಿಯಾಗಿ ಯುರೋಪಿನ ಹಂಚಿಕೆ ಹಕ್ಕು ಅದಕ್ಕೆ ಸಲ್ಲಬೇಕು ಎಂಬುದು ಒಪ್ಪಂದ. ಬಂಡವಾಳ ಮಾತ್ರ ಭಾರತದ್ದು. ಮೋತಿ ಸಾಗರ್ ಮೊದಲಾದವರು ನಿಂತು ಕಟ್ಟಿದ ದೆಹಲಿಯ ಗ್ರೇಟ್ ಈಸ್ಟರ್ನ್ ಫಿಲ್ಮ್ ಕಾರ್ಪೊರೇಷನ್ ಸುಮಾರು 90,000 ರೂಪಾಯಿ ಹಾಕಿತು.

1925ರ ಆರಂಭದಲ್ಲಿ ಎಮೆಲ್ಕಾದ ನಿರ್ದೇಶಕ ಫ್ರಾಂಜ್ ಓಸ್ಟೆನ್ ಅವರ ಪುಟ್ಟ ತಂಡ ಹಡಗಿನಲ್ಲಿ ಮುಂಬಯಿಗೆ ಬಂದಿಳಿಯಿತು. ನಿರಂಜನ್ ಪಾಲ್ ಚಿತ್ರಕಥೆ ಬರೆದ 'ದಿ ಲೈಟ್ ಆಫ್ ಏಷ್ಯಾ'ದಲ್ಲಿ ರಾಯ್ ಅವರೇ ಬುದ್ಧನಾದರು. ರೆನೀ ಸ್ಮಿತ್ ಎಂಬ ಆಂಗ್ಲೋ ಇಂಡಿಯನ್ ಹುಡುಗಿ ಸೀತಾದೇವಿ ಎಂಬ ಹೆಸರಿನಲ್ಲಿ ಬುದ್ಧನ ಪತ್ನಿ ಗೋಪೆಯಾದಳು. ಜೈಪುರದ ಮಹಾರಾಜರು ಆನೆಗಳನ್ನೂ ಪರಿವಾರವನ್ನೂ ಒದಗಿಸಿದರು. ಸ್ಟುಡಿಯೊ ಸೆಟ್ಟು, ಕೃತಕ ಬೆಳಕು, ಮೇಕಪ್ಪು ಯಾವುದನ್ನೂ ಬಳಸಿಲ್ಲವೆಂದು ಚಿತ್ರದ ಆರಂಭದ ಫಲಕವೇ ಹೆಮ್ಮೆಯಿಂದ ಸಾರುತ್ತದೆ. ಬುದ್ಧನ ಕಥೆಗೆ ಮುನ್ನ ಭಾರತ ನೋಡಲು ಬಂದ ಯುರೋಪಿನ ಪ್ರವಾಸಿಗರು ತೆರೆಯ ಮೇಲೆ ಕಾಣುತ್ತಾರೆ, ಬೋಧಿವೃಕ್ಷದ ಬಳಿ ಮುದುಕನೊಬ್ಬ ಅವರಿಗೆ ಕಥೆ ಹೇಳತೊಡಗುತ್ತಾನೆ. ಚಿತ್ರ ಯಾವ ಪ್ರೇಕ್ಷಕರನ್ನು ಎದುರಿಗಿಟ್ಟುಕೊಂಡಿತ್ತೆಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಸಾಕ್ಷಿ ಬೇಕಿಲ್ಲ.

ಅದೇ ವರ್ಷ ಮ್ಯೂನಿಕ್ಕಿನಲ್ಲಿ ತೆರೆಕಂಡ ಚಿತ್ರ ಲಂಡನ್ನಿನಲ್ಲಿ ತಿಂಗಳುಗಟ್ಟಲೆ ಓಡಿತು. ಭಾರತದಲ್ಲಿ ಅದಕ್ಕೆ ಅಂಥ ಗಳಿಕೆ ಆಗಲಿಲ್ಲ. ಹಣ ಹೂಡಿದ ದೇಶದಲ್ಲೇ ಕೈಗೆ ಕಾಸು ಸೇರದಿದ್ದ ಮೇಲೆ ದೆಹಲಿಯ ಸಂಸ್ಥೆಯ ಉತ್ಸಾಹ ಇಳಿದದ್ದು ಸಹಜವೇ. ಮುಂದಿನ 'ಶಿರಾಜ್' (1928) ಮತ್ತು 'ಎ ಥ್ರೋ ಆಫ್ ಡೈಸ್' (1929) ಚಿತ್ರಗಳಿಗೆ ರಾಯ್ ಬರ್ಲಿನ್ನಿನ ಊಫಾ ಮತ್ತು ಬ್ರಿಟಿಷ್ ಇನ್‌ಸ್ಟ್ರಕ್ಷನಲ್ ಫಿಲ್ಮ್ಸ್ ಸಂಸ್ಥೆಗಳ ಆಸರೆ ಪಡೆದರು.

ಆಮೇಲೆ ವಾಕ್ಚಿತ್ರ ಬಂತು, ಎಮೆಲ್ಕಾ ದಿವಾಳಿಯಾಯಿತು, 1934ರಲ್ಲಿ ರಾಯ್ ಅವರ ಬಾಂಬೆ ಟಾಕೀಸ್ ಸಂಸ್ಥೆ ಹುಟ್ಟಿತು, 1940ರಲ್ಲಿ ರಾಯ್ ತೀರಿಕೊಂಡರು. ಮೂರನೆಯ ಚಿತ್ರದ ಕಲಾವಿಭಾಗದಲ್ಲಿ ದುಡಿದು ರಾಯ್ ಅವರನ್ನು ಮದುವೆಯಾಗಿದ್ದ ದೇವಿಕಾ ರಾಣಿ, ಮುಂದೆ ರಷ್ಯನ್ ಚಿತ್ರಕಲಾವಿದ ಸ್ವೆತೊಸ್ಲಾವ್ ರೋರಿಚ್ ಅವರೊಡನೆ ಬೆಂಗಳೂರಿನ ತಾತಗುಣಿ ಎಸ್ಟೇಟಿನಲ್ಲಿ ನೆಲೆಸಿದರು.

ಹಳೆಯ ಚಿತ್ರಗಳನ್ನು ಕಾಪಾಡಿಡಲು ನಮ್ಮಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಸ್ಥಾಪನೆಯಾದದ್ದು 1964ರಲ್ಲಿ, ಈ ಚಿತ್ರಗಳು ಬಂದು ಮೂರು ದಶಕಕ್ಕೂ ಹೆಚ್ಚು ಕಳೆದ ಮೇಲೆ. 2017ರಲ್ಲಿ 'ಶಿರಾಜ್'ಗೆ ಮರುಜೀವ ಕೊಟ್ಟದ್ದು ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್. ಚಿತ್ರವನ್ನು ಕಾಪಾಡಿದ ದೇಶದ ಹೆಸರು ಅದರೊಡನೆ ಅಂಟಿಕೊಳ್ಳುವುದು ನ್ಯಾಯವೇ. ಆದರೆ ಮೊದಲ ಚಿತ್ರದ ಮಾತು ಬಂದಾಗ, ಓಸ್ಟೆನ್ ಮತ್ತು ಎಮೆಲ್ಕಾ ಹೆಸರುಗಳ ಪಕ್ಕದಲ್ಲಿ ದೆಹಲಿಯ ಆ ಹೂಡಿಕೆದಾರರ ಹೆಸರನ್ನೂ ಬರೆಯಬೇಕು.