ಸಂದರ್ಶನವೋ, ದರ್ಶನವೋ?

ಮೊನ್ನೆ ಕಲಬುರಗಿಯ ಸೂಪರ್ ಮಾರ್ಕೆಟ್ ಕಡೆಯ ಹೋಟೆಲಿನಲ್ಲಿ ಸುಸಲಾ, ಮಿರ್ಚಿ ತಿನ್ನುತ್ತಿದ್ದೆ. ಎದುರಿನ ಟಿ.ವಿ.ಯಲ್ಲಿ ‘ವಿಶೇಷ ಸಂದರ್ಶನ’. ಒಬ್ಬ ನಾಯಕರು, ಕೊರಳಲ್ಲಿ ಹುಟ್ಟುಹಬ್ಬದ ಹಾರ. ‘ಇಷ್ಟು ಸರಳವಾಗಿ ಹೇಗಿರ್ತೀರಿ ಸರ್?’ ಅನ್ನೋದೇ ಅರ್ಧ ಗಂಟೆಯ ಅತಿ ಕಠಿಣ ಪ್ರಶ್ನೆ. ಸಾಕಾಯಿತು.

ಇದಕ್ಕೆ ದರ್ಶನ ಅನ್ನಿ. ಶರಣಬಸವೇಶ್ವರರ ಗುಡಿಯಲ್ಲಿ ಸಾಲು ನಿಂತು ಪಡೆಯುವುದು ಅದನ್ನೇ. ಅಲ್ಲಿ ಮರುಪ್ರಶ್ನೆ ಇಲ್ಲ.

ದರ್ಶನ, ಸಂದರ್ಶನ ಎರಡಕ್ಕೂ ಬೇರು ಸಂಸ್ಕೃತದ ‘ದೃಶ್’, ಅಂದರೆ ನೋಡು. ‘ಸಂ’ ಸೇರಿದರೆ ಚೆನ್ನಾಗಿ, ಪೂರ್ತಿಯಾಗಿ ನೋಡುವುದು. ಹೋಗಿ ಭೇಟಿಯಾಗುವುದು ಅನ್ನುವ ಅರ್ಥವೂ ಇದೆ. ಆಸ್ಪತ್ರೆ ಬೋರ್ಡಿನ ‘ಸಂದರ್ಶಕರ ಸಮಯ’ದಲ್ಲಿ ಇರುವುದು ಅದೇ. ಅಲ್ಲಿಗೆ ಯಾರೂ ಮೈಕ್ ಹಿಡಿದು ಹೋಗುವುದಿಲ್ಲ, ಅಲ್ವಾ? ನಮ್ಮ ಕಡೆಯ ಹಳಬರ ಬಾಯಲ್ಲಿ ಇನ್ನೊಂದು ಪದ ಇದೆ: ಮುಲಾಖಾತ್. ಉರ್ದುವಿನಲ್ಲಿ ಅದು ಭೇಟಿ. ಆಳಂದ ದಾಟಿ ಮಹಾರಾಷ್ಟ್ರಕ್ಕೆ ಹೋದರೆ ‘ಮುಲಾಖತ್’ ಎಂದರೆ ಸಂದರ್ಶನವೇ. ಮೂಲ ಅರಬ್ಬಿ. ಆ ಪದದ ಕಟ್ಟಿನಲ್ಲೇ ‘ಒಬ್ಬರನ್ನೊಬ್ಬರು’ ಎಂಬ ಭಾವ ಅಡಗಿದೆ. ಇಬ್ಬರೂ ಎದುರುಬದುರು ಆಗಬೇಕು. ನನಗೆ ಇದೇ ಜಾಸ್ತಿ ಇಷ್ಟ.

‘ದೂರದರ್ಶನದಲ್ಲೂ ದರ್ಶನ ಇದೆಯಲ್ಲ’ ಎಂದು ವಾದಿಸುವವರಿದ್ದಾರೆ. ಅದು ಯಂತ್ರದ ಮಾತು. 1975ರಲ್ಲಿ ‘ಸೈಟ್’ (SITE) ಎಂಬ ಉಪಗ್ರಹ ಟಿ.ವಿ. ಪ್ರಯೋಗದಡಿ ಗುಲ್ಬರ್ಗಾ ಜಿಲ್ಲೆಯ ಹಳ್ಳಿಗಳಿಗೆ ಟಿ.ವಿ. ಬಂದಾಗ (ಬೆಂಗಳೂರಿಗಿಂತ ಮೊದಲು!) ಜನ ಸುಮ್ನೆ ಕೂತು ನೋಡಿದರು, ಸರಿ. ಪ್ರಶ್ನೆ ಕೇಳುವ ಕೆಲಸ ಪತ್ರಕರ್ತರದು.

ಮುಲಾಖಾತ್ ಹೇಗಿರಬೇಕು? 1968ರಲ್ಲಿ ಶುರುವಾದ ಅಮೆರಿಕದ ‘ಸಿಕ್ಸ್ಟಿ ಮಿನಿಟ್ಸ್’ ಟಿ.ವಿ. ಪರದೆಯ ವಾರಪತ್ರಿಕೆ ಇದ್ದಂತೆ. ಅದರ ಪತ್ರಕರ್ತ ಮೈಕ್ ವ್ಯಾಲೇಸ್ 1979ರ ನವೆಂಬರಿನಲ್ಲಿ ಇರಾನಿನ ನಾಯಕ ಖೊಮೇನಿ ಮುಂದೆ ಕೂತರು. ಅಮೆರಿಕ ರಾಯಭಾರ ಕಚೇರಿಯವರು ಒತ್ತೆಯಾಳಾಗಿದ್ದ ದಿನಗಳು. ಈಜಿಪ್ಟಿನ ಅಧ್ಯಕ್ಷ ಸಾದತ್ ನಿಮ್ಮನ್ನು ಹುಚ್ಚ ಅಂದಿದ್ದಾರೆ, ಕ್ಷಮಿಸಿ, ಮಾತು ಅವರದು, ಎಂದು ನೇರವಾಗಿ ಕೇಳಿದರು. ಮರ್ಯಾದೆಯೂ ಉಳಿಯಿತು, ಪ್ರಶ್ನೆಯೂ ಉಳಿಯಿತು.

ಇನ್ನು ‘ವ್ಯಕ್ತಿಚಿತ್ರ’. ಇದನ್ನೂ ಸಂದರ್ಶನಕ್ಕೆ ಗಂಟು ಹಾಕುತ್ತಾರೆ. ಅದಕ್ಕೆ ಆ ವ್ಯಕ್ತಿ ಎದುರಿಗೆ ಕೂರಲೇಬೇಕೆಂದಿಲ್ಲ. 1954ರ ಮಾರ್ಚ್ 9ರಂದು ಅಮೆರಿಕದ ಟಿ.ವಿ. ಪತ್ರಕರ್ತ ಎಡ್ವರ್ಡ್ ಮರೋ ತಮ್ಮ ‘ಸೀ ಇಟ್ ನೌ’ ಕಾರ್ಯಕ್ರಮದಲ್ಲಿ, ಕಂಡವರನ್ನೆಲ್ಲ ಕಮ್ಯುನಿಸ್ಟರೆಂದು ದೂರುತ್ತಿದ್ದ ಸೆನೆಟರ್ ಮೆಕಾರ್ಥಿಯ ಚಿತ್ರವನ್ನು ಹೆಚ್ಚಾಗಿ ಅವರದೇ ಭಾಷಣ, ವಿಚಾರಣೆಗಳ ತುಣುಕುಗಳಿಂದ ಕಟ್ಟಿದರು. ಉತ್ತರ ಕೊಡಲು ಏಪ್ರಿಲ್ 6ರಂದು ಅದೇ ಕಾರ್ಯಕ್ರಮದಲ್ಲಿ ಜಾಗವನ್ನೂ ಕೊಟ್ಟರು.

ಹಾರ ಹಾಕಿಸಿಕೊಂಡು ಕೂತ ಅರ್ಧ ಗಂಟೆಗೂ ಕನ್ನಡದಲ್ಲಿ ಪದಕ್ಕೆ ಬರ ಇಲ್ಲ: ಜಾಹೀರಾತು. ಅದರೊಳಗಿನ ‘ಜಾಹೀರ್’ ಕೂಡ ಅರಬ್ಬಿಯದ್ದೇ.